ಖಾಲಿ ಮಾಡಿದ ಮನೆಗೆ ಅಂಟಿಸಿದ ಸಮನ್ಸು

2023ರ ಜನವರಿಯ ಒಂದು ಮಂಗಳವಾರ. ದಾವಣಗೆರೆಯ ನನ್ನ ವೈಂಡಿಂಗ್ ಅಂಗಡಿಯಲ್ಲಿ ಸಬ್‌ಮರ್ಸಿಬಲ್ ಮೋಟಾರೊಂದನ್ನು ಬಿಚ್ಚಿಕೊಂಡು ಕೂತಿದ್ದೆ. ಕೋರ್ಟಿನ ಅಮೀನರು ಬಂದು ಜಪ್ತಿ ವಾರಂಟ್ ತೋರಿಸಿದರು. ಅವರ ಹಿಂದೆ ನನಗೆ ಸಾಲ ಕೊಟ್ಟವರು ನಿಂತಿದ್ದರು. ಡಿಕ್ರಿ, ಅಂದರೆ ಹಣ ಕಟ್ಟಬೇಕೆಂಬ ಕೋರ್ಟಿನ ತೀರ್ಪು, ಆಗಿ ಹತ್ತು ತಿಂಗಳಾಗಿತ್ತಂತೆ. ನನಗೆ ದಾವೆ ಹಾಕಿದ್ದೇ ಗೊತ್ತಿಲ್ಲ!

ಅಮೀನರು ಪಟ್ಟಿ ಬರೆಯತೊಡಗಿದರು. ವೈಂಡಿಂಗ್ ಮೆಷಿನ್, ಬೆಂಚು, ಮೂಲೆಯಲ್ಲಿದ್ದ ಏಳು ಮೋಟಾರು. "ಸಾರ್, ಮೋಟಾರು ರೈತರವು, ನನ್ನವಲ್ಲ" ಎಂದು ಒಂದೊಂದಕ್ಕೂ ಕಟ್ಟಿದ್ದ ಹೆಸರಿನ ಚೀಟಿ ತೋರಿಸಿದೆ. ಪಕ್ಕದ ಅಂಗಡಿಯವರು ಪರಿಚಯದ ವಕೀಲರಿಗೆ ಫೋನ್ ಹಚ್ಚಿಕೊಟ್ಟರು. ಕಸುಬುದಾರನ ಉಪಕರಣ ಜಪ್ತಿ ಮಾಡುವ ಹಾಗಿಲ್ಲ, ಸಿವಿಲ್ ಕೇಸು ನಡೆಸುವ ಕಾಯ್ದೆ ಸಿಪಿಸಿಯ ಸೆಕ್ಷನ್ 60ರಲ್ಲಿದೆ ಅಂತ ಅವರು ಅಮೀನರಿಗೇ ಹೇಳಿದರು. ಅಮೀನರು ಅದನ್ನೇ ಷರಾ ಬರೆದುಕೊಂಡು ಹೋದರು. ನಾನು ಸಹಿ ಹಾಕುವಾಗ ಕೆಳಗೆ ತಾರೀಖು ಹಾಕಿದ್ದೆ. ಆ ತಾರೀಖು ಮುಂದೆ ಬಹಳ ಕೆಲಸಕ್ಕೆ ಬಂತು.

ಸಾಲ ಸುಳ್ಳಲ್ಲ. 2018ರಲ್ಲಿ ಒಂದೂವರೆ ಲಕ್ಷ ಕೈಗಡ ತಗೊಂಡು ಪ್ರೋನೋಟ್ ಬರೆದುಕೊಟ್ಟಿದ್ದೆ. 90 ಸಾವಿರ ತೀರಿಸಿದ್ದೆ, ಅರ್ಧ ಫೋನ್‌ಪೇಯಲ್ಲಿ, ಅರ್ಧ ಕೈಯಲ್ಲಿ. ಡಿಕ್ರಿ ನೋಡಿದರೆ ಪೂರ್ತಿ ಒಂದೂವರೆ ಲಕ್ಷ, ಮೇಲೆ ಬಡ್ಡಿ, ಖರ್ಚು.

ಸಂಜೆ ವಕೀಲ ಮೇಡಂ ಹತ್ತಿರ ಹೋಗಿ ಇದನ್ನೆಲ್ಲ ಒದರಿದೆ. ಅವರು ತಡೆದರು. "ನೋಡಣ್ಣ, ತೀರಿಸಿದ್ದು ಆಮೇಲೆ. ಈಗ ಕೋರ್ಟು ಕೇಳೋದು, ಅವತ್ತು ಯಾಕೆ ಬರಲಿಲ್ಲ ಅಂತ." ಎಕ್ಸ್‌ಪಾರ್ಟಿ ಡಿಕ್ರಿ, ಅಂದರೆ ಪ್ರತಿವಾದಿ ಬಾರದೆ ಆದ ಡಿಕ್ರಿ, ರದ್ದು ಮಾಡಿಸುವುದು ಸಿಪಿಸಿಯ ಆರ್ಡರ್ 9 ರೂಲ್ 13ರ ಕೆಳಗೆ. ಒಂದೋ ಸಮನ್ಸು ಸರಿಯಾಗಿ ಜಾರಿಯಾಗಿಲ್ಲ ಅನ್ನಬೇಕು, ಇಲ್ಲವೇ ಬರದಿರಲು ತಕ್ಕ ಕಾರಣ ತೋರಿಸಬೇಕು. ಗಡುವು 30 ದಿನ, ಡಿಕ್ರಿಯಾದ ದಿನದಿಂದ. ಸಮನ್ಸೇ ಸರಿಯಾಗಿ ಜಾರಿಯಾಗಿಲ್ಲದಿದ್ದರೆ ಡಿಕ್ರಿ ಗೊತ್ತಾದ ದಿನದಿಂದ. ನನಗೆ ಗೊತ್ತಾಗಿದ್ದು ಆ ಮಂಗಳವಾರ.

ಮಾರನೇ ದಿನವೇ ನಕಲು ಅರ್ಜಿ ಹಾಕಿದೆವು. ಜಡ್ಜ್‌ಮೆಂಟಿನದ್ದು ಮಾತ್ರ ಅಲ್ಲ, ಸಮನ್ಸು ವಾಪಸ್ ಬಂದಾಗ ಅದರ ಹಿಂದೆ ಬರೆದ ಷರಾದ್ದೂ ಬೇಕು. ಇದನ್ನು ಮರೆಯುವವರೇ ಜಾಸ್ತಿ ಅಂತ ಮೇಡಂ ಹೇಳಿದರು. ಒಂಬತ್ತು ದಿನಕ್ಕೆ ನಕಲು ಕೈಗೆ ಬಂತು. ಷರಾ ಮೂರೇ ಸಾಲು: ಪ್ರತಿವಾದಿ ಸಿಗಲಿಲ್ಲ, ವಾದಿ ತೋರಿಸಿದ ಮನೆಯ ಬಾಗಿಲಿಗೆ ಸಮನ್ಸಿನ ಪ್ರತಿ ಅಂಟಿಸಿದೆ, ಸಾಕ್ಷಿ ಸಹಿ ಇಂಥವರದು. ಮನೆ ನಿಟುವಳ್ಳಿಯದು. ನಾನು ಅದನ್ನು ಖಾಲಿ ಮಾಡಿ ವಿನೋಬನಗರಕ್ಕೆ ಬಂದು ಒಂದೂವರೆ ವರ್ಷವಾಗಿತ್ತು. ಅಮೀನರದ್ದೇನೂ ತಪ್ಪಿಲ್ಲ, ತೋರಿಸಿದ ಬಾಗಿಲಿಗೆ ಅಂಟಿಸಿದ್ದಾರೆ. ಆದರೆ ಕಾನೂನು ಹೇಳುವುದು ಪ್ರತಿವಾದಿ ವಾಸ ಇರುವ ಮನೆ ಅಂತ.

ಹಂಗಂತ ವಿಳಾಸ ತಪ್ಪು ಅಂದ ಮಾತ್ರಕ್ಕೆ ಮುಗಿಯಲ್ಲ. ವಿಚಾರಣೆಯ ತಾರೀಖು ನನಗೆ ಮೊದಲೇ ತಿಳಿದಿತ್ತು, ಬರುವಷ್ಟು ಟೈಮೂ ಇತ್ತು ಅಂತ ಎದುರಿನವರು ಸಾಬೀತು ಮಾಡಿದರೆ, ಜಾರಿಯಲ್ಲಿ ಸಣ್ಣಪುಟ್ಟ ಲೋಪ ಇದ್ದರೂ ಡಿಕ್ರಿ ರದ್ದಾಗಲ್ಲ. ಹಾಗಾಗಿ ಬಾಡಿಗೆ ಕರಾರು, ಹೊಸ ಮನೆಯ ಕರೆಂಟ್ ಬಿಲ್ಲು, ಗ್ಯಾಸ್ ಪುಸ್ತಕ ಎಲ್ಲ ಹುಡುಕಿದೆ. ಅಂಗಡಿಯ ಹಳೇ ಬಿಲ್ ಬುಕ್ಕು ತಿರುವುವಾಗ ಒಂದು ಕಾರ್ಬನ್ ಪ್ರತಿ ಸಿಕ್ಕಿತು. ಸಮನ್ಸು ಅಂಟಿಸಿದ ತಿಂಗಳಲ್ಲೇ ವಾದಿ ತಮ್ಮ ತೋಟದ ಮೋಟಾರನ್ನು ನನ್ನ ಹತ್ತಿರವೇ ವೈಂಡಿಂಗ್ ಮಾಡಿಸಿದ್ದರು! 2,400 ರೂಪಾಯಿ, ಅವರದ್ದೇ ಸಹಿ. ಅಂಗಡಿ ಗೊತ್ತಿದ್ದವರು ದಾವೆಯಲ್ಲಿ ಬಿಟ್ಟುಹೋದ ಮನೆಯ ವಿಳಾಸ ಕೊಟ್ಟಿದ್ದರು.

ಹತ್ತೊಂಬತ್ತನೇ ದಿನ ಅರ್ಜಿ, ಪ್ರಮಾಣಪತ್ರ ಸಲ್ಲಿಸಿದೆವು. ತಡ ಮನ್ನಿಸಿ ಅಂತ ಲಿಮಿಟೇಶನ್ ಕಾಯ್ದೆಯ ಸೆಕ್ಷನ್ 5ರ ಅರ್ಜಿಯನ್ನೂ ಸೇರಿಸಿದರು. "ಬೇಕಾಗಲ್ಲ, ಆದ್ರೂ ಇರಲಿ" ಅಂದರು ಮೇಡಂ. ಅಮಲ್ಜಾರಿಗೆ, ಅಂದರೆ ಡಿಕ್ರಿ ಪ್ರಕಾರದ ವಸೂಲಿಗೆ, ತಡೆ ಬೇರೆ ಕೇಳಬೇಕು, ಅರ್ಜಿ ಹಾಕಿದ ಮಾತ್ರಕ್ಕೆ ಜಪ್ತಿ ನಿಲ್ಲುವುದಿಲ್ಲ. 40 ಸಾವಿರ ಡಿಪಾಸಿಟ್ ಇಡಬೇಕೆಂಬ ಷರತ್ತಿನ ಮೇಲೆ ತಡೆ ಸಿಕ್ಕಿತು. ಅದಕ್ಕೆ ಹೆಂಡತಿಯ ಬಳೆ ಅಡವಿಟ್ಟೆ.

ಆಮೇಲೆ ಹನ್ನೊಂದು ತಿಂಗಳು ತಾರೀಖು ಮೇಲೆ ತಾರೀಖು. ನಾನೂ ಕಟಕಟೆ ಹತ್ತಿ ಸಾಕ್ಷಿ ಹೇಳಬೇಕಾಯಿತು. ಪಾಟೀ ಸವಾಲಿನಲ್ಲಿ ಎದುರು ವಕೀಲರು "ಸಾಲ ತಗೊಂಡಿದ್ದು ನಿಜ ತಾನೇ?" ಅಂತ ನಾಲ್ಕು ಸಲ ಕೇಳಿದರು. ನಿಜ ಅಂದೆ. "ಕೇಸು ಗೊತ್ತಿದ್ದೂ ತಪ್ಪಿಸಿಕೊಂಡಿದ್ದೀರಿ" ಅಂದಾಗ ನಮ್ಮ ಮೇಡಂ ಹೇಳಿಕೊಟ್ಟಂತೆ "ಸರಿಯಲ್ಲ" ಅಂದು ಸುಮ್ನೆ ನಿಂತೆ. ಜಾಸ್ತಿ ಮಾತಾಡೋ ಚಾಳಿ ನನ್ನದು, ಅವತ್ತು ಹೇಗೋ ನಾಲಿಗೆ ಕಚ್ಚಿಕೊಂಡೆ.

ಬಿಲ್ಲಿನ ಸಹಿ ತಮ್ಮದೇ ಎಂದು ವಾದಿ ಒಪ್ಪಿಕೊಂಡರು. ಡಿಕ್ರಿ ರದ್ದಾಯಿತು. ಎದುರಿನವರಿಗೆ ಖರ್ಚು 3,000 ರೂಪಾಯಿ ಕೊಡಬೇಕೆಂದು ಆದೇಶವಾಯಿತು. ಅದು ಸ್ವಲ್ಪ ಉರಿದಿದ್ದು ನಿಜ, ಆದರೂ ಗಡುವಿನೊಳಗೆ ಕಟ್ಟಿ ರಸೀದಿ ಇಟ್ಟುಕೊಂಡೆ.

ಡಿಕ್ರಿ ಹೋಯಿತೇ ಹೊರತು ಕೇಸು ಹೋಗಲಿಲ್ಲ. ಹಳೇ ದಾವೆ ಮತ್ತೆ ಮೊದಲಿನಿಂದ ಶುರುವಾಗಿದೆ. ಫೋನ್‌ಪೇಯಲ್ಲಿ ಕಳಿಸಿದ್ದಕ್ಕೆ ಬ್ಯಾಂಕ್ ಸ್ಟೇಟ್‌ಮೆಂಟ್ ಹಚ್ಚಿ ತಕರಾರು ಸಲ್ಲಿಸಿದ್ದೇನೆ. ಬಾಕಿ 60 ಸಾವಿರ ಒಪ್ಪಿಕೊಂಡಿದ್ದೇನೆ. ಕೈಯಲ್ಲಿ ಕೊಟ್ಟ 45 ಸಾವಿರಕ್ಕೆ ಮಾತ್ರ ನನ್ನ ಹತ್ತಿರ ಒಂದು ಚೀಟಿಯೂ ಇಲ್ಲ.