ಕುದ್ರುವಿನ ಹಿತ್ತಿಲಿಗೆ ಮೊದಲು ಸುರಹೊನ್ನೆ

ಉಡುಪಿ ಕಡೆಯ ಕುದ್ರುಗಳಲ್ಲಿ, ಅಂದರೆ ಹೊಳೆಯ ನಡುಗಡ್ಡೆಗಳಲ್ಲಿ, ಬೇಸಿಗೆ ಬಂತೆಂದರೆ ಬಾವಿ ನೀರಿಗೆ ಉಪ್ಪು ಹತ್ತುತ್ತದೆ, ಕಡಲ ಗಾಳಿ ಎಳೆ ಚಿಗುರನ್ನು ಸುಡುತ್ತದೆ. ಬಾಳೆ, ದಾಸವಾಳ ಆಮೇಲೆ; ಮೊದಲು ಪಡುವಣ ಅಂಚಿನಲ್ಲಿ ಗಾಳಿ ತಡೆಯಲು ಸುರಹೊನ್ನೆ ಮರ ಏಳಬೇಕು.

ಉದುರಿದ ಹಣ್ಣಿನ ಸಿಪ್ಪೆ ಸುಲಿದು, ಗಟ್ಟಿ ಓಡನ್ನು ಮೆಲ್ಲಗೆ ಒಡೆದು ತಿರುಳು ಬಿಡಿಸಿ. ಓಡು ಸಮೇತ ಊರಿದರೆ ಮೊಳಕೆಗೆ ಸುಮಾರು 2 ತಿಂಗಳು, ಬರೀ ತಿರುಳಾದರೆ 3 ವಾರ. ತಿರುಳಿಗೆ ಪೆಟ್ಟು ಬಿದ್ದರೆ ಮಾತ್ರ ಕೊಳೆಯುತ್ತದೆ. ಅರ್ಧ ಹೊಯ್ಗೆ (ಮರಳು), ಅರ್ಧ ಗೊಬ್ಬರದ ಮಣ್ಣು ತುಂಬಿದ ಚೀಲದಲ್ಲಿ 2 ಸೆಂ.ಮೀ. ಆಳಕ್ಕೆ ಊರಿ ನೆರಳಲ್ಲಿಡಿ.

ಸಸಿ ಮೊಣಕಾಲೆತ್ತರ ಬಂದಮೇಲೆ, ನಾಲ್ಕು ಮಳೆ ಬಿದ್ದು ಮಣ್ಣಿನ ಉಪ್ಪು ತೊಳೆದುಹೋದಾಗ ನೆಡಿ. ಮರ ಹರಡುತ್ತದೆ, ಗೋಡೆಯಿಂದ ದೂರವಿರಲಿ. ಬುಡಕ್ಕೆ ತೆಂಗಿನ ಸಿಪ್ಪೆ ಹಾಸಿ. ಬೇಸಿಗೆಯಲ್ಲಿ ಎಲೆಯಂಚು ಕಂದಿದರೆ ಗೊಬ್ಬರ ಸುರಿಯಬೇಡಿ. ಬಹುಪಾಲು ಅದು ಉಪ್ಪಿನ ಸುಡು, ಸಿಹಿನೀರು ಹನಿಸಿ.