ಒಂದು ಇಡ್ಲಿ ಹೋಟೆಲು, ಎಂಟು ನಿಮಿಷದ ಸಿನಿಮಾ

ತುಮಕೂರಿನ ಬಗ್ಗೆ ಕಿರು ಸಾಕ್ಷ್ಯಚಿತ್ರ ಮಾಡೋಣ ಅಂದ ತಕ್ಷಣ ಅಮಾನಿಕೆರೆ, ಸಿದ್ಧಗಂಗೆ, ದೇವರಾಯನದುರ್ಗ ಎಲ್ಲವನ್ನೂ ತುಂಬಿಸಲು ಹೊರಡುತ್ತೇವೆ. ಅದು ಬೇಡ. ಒಂದೇ ಜಾಗ ಹಿಡಿಯಿರಿ. ಕ್ಯಾತ್ಸಂದ್ರದ ಒಂದು ತಟ್ಟೆ ಇಡ್ಲಿ ಹೋಟೆಲ್ ಸಾಕು. ಬೆಂಗಳೂರಿಗೆ ಕೆಲಸಕ್ಕೆ ಹೊರಟವರು, ಮಠಕ್ಕೆ ಬಂದವರು, ಹೆದ್ದಾರಿಯ ಲಾರಿ ಚಾಲಕರು, ಊರೇ ಅಲ್ಲಿಗೆ ಬರುತ್ತದೆ.

ಮೊದಲ ಎರಡು ದಿನ ಕ್ಯಾಮೆರಾ ತೆಗೆಯಬೇಡಿ. ಸುಮ್ನೆ ಇಡ್ಲಿ ತಿಂದು ನೋಡುತ್ತಾ ಕೂರಿ. ಮಾಲೀಕರ ಒಪ್ಪಿಗೆ ಕೇಳಿ, ಅಡುಗೆ ಭಟ್ಟರನ್ನು ಬೇರೆಯಾಗಿ ಕೇಳಿ. ದಿನವಿಡೀ ನಿಮ್ಮ ಕಣ್ಣೆದುರು ಇರುವವರು ಅವರೇ ಅಲ್ವಾ?

ಮೊಬೈಲ್ ಧಾರಾಳ ಸಾಕು. ಸೆಕೆಂಡಿಗೆ 25 ಫ್ರೇಮ್, ಶಟರ್ (ಒಂದೊಂದು ಫ್ರೇಮಿಗೆ ಬೆಳಕು ಬೀಳುವ ಹೊತ್ತು) 1/50 ಸೆಕೆಂಡ್ ಇಟ್ಟುಕೊಳ್ಳಿ. ನಮ್ಮ ಕರೆಂಟು 50 ಹರ್ಟ್ಸ್, ಹಳೇ ಟ್ಯೂಬ್‌ಲೈಟು ಸೆಕೆಂಡಿಗೆ 100 ಸಲ ಮಿನುಗುತ್ತದೆ, ಅಂದರೆ 1/50 ಸೆಕೆಂಡಿಗೆ ಸರಿಯಾಗಿ ಎರಡು ಸಲ. ಈ ಲೆಕ್ಕ ತಪ್ಪಿದರೆ ಗೋಡೆ ಮೇಲೆ ಕಪ್ಪು ಪಟ್ಟಿಗಳು ಓಡುತ್ತವೆ. ಫೋಕಸ್ ಲಾಕ್ ಮಾಡಿ, ಫೋನನ್ನು ಫ್ಲೈಟ್ ಮೋಡ್‌ಗೆ ಹಾಕಿ.

ಇನ್ನು ಚಿತ್ರೀಕರಣ. ಒಲೆಯ ಹತ್ತಿರ ಟ್ರೈಪಾಡ್ ಇಟ್ಟು ಅಲುಗಾಡದೆ ಕಾಯಿರಿ. ಭಟ್ಟರು ಮುಚ್ಚಳ ಎತ್ತುತ್ತಾರೆ, ಆವಿಯಲ್ಲಿ ಎಲ್ಲ ಬೆಳ್ಳಗಾಗುತ್ತದೆ. ಇಲ್ಲೇ ಜಾಸ್ತಿ ಜನ ರೆಕಾರ್ಡಿಂಗ್ ನಿಲ್ಲಿಸಿಬಿಡುತ್ತಾರೆ. ನಿಲ್ಲಿಸಬೇಡಿ. ಆವಿ ತೆಳುವಾಗುತ್ತಾ ಮೊದಲು ಬೆರಳು ಕಾಣುತ್ತದೆ, ಆಮೇಲೆ ಒಂದರ ಮೇಲೊಂದು ತಟ್ಟೆಗಳು, ಕೊನೆಗೆ ಬೆವರಿದ ಮುಖ. ಇಡ್ಲಿ ಮೇಲೆ ಬೆಣ್ಣೆ ಅಂಚಿನಿಂದ ಕರಗಿ ಚಟ್ನಿಗೆ ಇಳಿಯುವುದನ್ನೂ ಪೂರ್ತಿ ಹಿಡಿಯಿರಿ. ಒಂದೊಂದು ಶಾಟ್ ಕನಿಷ್ಠ 20 ಸೆಕೆಂಡ್ ಇರಲಿ. ಲೆನ್ಸ್ ಮಂಜಾಗುತ್ತದೆ, ಹತ್ತಿ ಬಟ್ಟೆ ಜೇಬಲ್ಲಿರಲಿ.

ಶಬ್ದವನ್ನು ಮರೆಯಬೇಡಿ. ಒಮ್ಮೆ ನಾನು ಫ್ಯಾನಿನ ಕೆಳಗೇ ಕೂತು ಇಡೀ ಬೆಳಗ್ಗೆ ಚಿತ್ರೀಕರಿಸಿದೆ. ಮನೆಗೆ ಬಂದು ಕೇಳಿದರೆ ಬರೀ ಗರಗರ, ಒಂದು ಮಾತೂ ಉಳಿದಿರಲಿಲ್ಲ. ಬಹಳ ನೋವಾಯಿತು. ಅಂದಿನಿಂದ ಮೊದಲು ಒಂದು ನಿಮಿಷ ರೆಕಾರ್ಡ್ ಮಾಡಿ ಇಯರ್‌ಫೋನಲ್ಲಿ ಕೇಳುತ್ತೇನೆ. ಯಾರೂ ಮಾತಾಡದ ಹೊತ್ತಿನ ಹೋಟೆಲ್ ಸದ್ದನ್ನೂ ಒಂದು ನಿಮಿಷ ಹಿಡಿದಿಡಿ. ಎಡಿಟಿಂಗ್‌ನಲ್ಲಿ ಎರಡು ಶಾಟ್ ಬೆಸೆಯಲು ಅದೇ ಬೇಕು.

ಎಡಿಟಿಂಗ್‌ನಲ್ಲಿ ಎಂಟು ನಿಮಿಷಕ್ಕೆ ಇಳಿಸಿ. ಹಿನ್ನೆಲೆ ಸಂಗೀತ, ವಿವರಣೆಯ ದನಿ ಎರಡೂ ಬೇಡ. ತಟ್ಟೆಗಳ ಸದ್ದು, "ಇನ್ನೊಂದು ಚಟ್ನಿ" ಅನ್ನೋ ಕೂಗು ಸಾಕು.

ಮೊದಲ ಪ್ರದರ್ಶನ ಅದೇ ಹೋಟೆಲ್‌ನಲ್ಲಿ, ಕೆಲಸ ಮುಗಿದ ಮೇಲೆ. ಭಟ್ಟರು ಯಾವುದಾದರೂ ಶಾಟ್ ಬೇಡ ಅಂದರೆ, ಅದು ಎಷ್ಟೇ ಚೆಂದ ಇರಲಿ, ತೆಗೆದುಬಿಡಿ.