ಪಾತ್ರ ಕಟ್ಟುವ ಕೆಲಸ: ಮೊದಲ ಓದಿನಿಂದ ತಾಲೀಮಿನವರೆಗೆ

ಪಾತ್ರ ಸಿಕ್ಕ ಕೂಡಲೇ ಮಾತು ಬಾಯಿಪಾಠ ಮಾಡಲು ಕೂರಬೇಡಿ. ಇಡೀ ನಾಟಕವನ್ನು, ನಿಮ್ಮ ಪಾತ್ರವಿಲ್ಲದ ದೃಶ್ಯಗಳನ್ನೂ ಬಿಡದೆ, ಮೂರು ಸಲ ಓದಿ. ಮೊದಲ ಓದು ಕಥೆಗಾಗಿ. ಆಗ ಪೆನ್ಸಿಲ್ ಮುಟ್ಟಬೇಡಿ. ಎರಡನೆಯ ಸಲ ಪುಟದಲ್ಲಿ ನಾಲ್ಕು ಅಂಕಣ ಎಳೆದುಕೊಳ್ಳಿ: ಕೃತಿ ಕೊಡುವ ಸಂಗತಿಗಳು (ವಯಸ್ಸು, ಕೆಲಸ, ಹಣಕಾಸು, ಸಂಬಂಧ), ಪಾತ್ರ ತನ್ನ ಬಗ್ಗೆ ಹೇಳಿಕೊಳ್ಳುವುದು, ಬೇರೆಯವರು ಅದರ ಬಗ್ಗೆ ಆಡುವುದು, ಅದು ನಿಜಕ್ಕೂ ಮಾಡುವುದು. ಪ್ರತಿಯೊಂದರ ಪಕ್ಕ ಪುಟಸಂಖ್ಯೆ ಬರೆಯಿರಿ. ಇಲ್ಲದಿದ್ದರೆ ನಾಟಕಕಾರ ಕೊಟ್ಟದ್ದೂ ನಿಮ್ಮ ಊಹೆಯೂ ಬೇಗ ಕಲಸಿಹೋಗುತ್ತವೆ. ಮೂರನೆಯ ಓದು, ಈ ಅಂಕಣಗಳು ಒಂದಕ್ಕೊಂದು ಒಪ್ಪದ ಜಾಗಗಳನ್ನು ಹುಡುಕಲು. ಪಾತ್ರದ ಜೀವ ಇರುವುದು ಅಲ್ಲೇ.

ಇದನ್ನು ಕಲಿಯಲು ನಾರ್ವೆಯ ನಾಟಕಕಾರ ಇಬ್ಸೆನ್‌ನ ‘ಎ ಡಾಲ್ಸ್ ಹೌಸ್’ (1879) ಒಳ್ಳೆಯ ನಾಟಕ. ಪರದೆ ಸರಿದ ಸ್ವಲ್ಪ ಹೊತ್ತಿಗೇ ನಾಯಕಿ ನೋರಾ, ಐವತ್ತು ಓರೆ ಕೇಳಿದ ಕೂಲಿಯವನಿಗೆ ಅದರ ಎರಡರಷ್ಟು, ಒಂದು ಕ್ರೋನ, ಕೊಟ್ಟುಬಿಡುತ್ತಾಳೆ. ಮಕರೂನ್ ಎಂಬ ಸಿಹಿತಿನಿಸು ತಿಂದು ಪೊಟ್ಟಣವನ್ನು ಜೇಬಿಗೆ ತುರುಕಿ ಬಾಯಿ ಒರೆಸಿಕೊಳ್ಳುತ್ತಾಳೆ. ಗಂಡ ಕೇಳಿದರೆ ಮುಟ್ಟೇ ಇಲ್ಲ ಎನ್ನುತ್ತಾಳೆ. ಅವನ ಬಾಯಲ್ಲಿ ಅವಳು ಪುಟ್ಟ ಅಳಿಲು, ದುಂದುಗಾತಿ. ಅದೇ ಗಂಡನ ಜೀವ ಉಳಿಸಲು ಸಾಲ ತಂದವಳು, ಅದಕ್ಕಾಗಿ ಅಪ್ಪನ ಸಹಿಯನ್ನು ತಾನೇ ಹಾಕಿದವಳು, ವರ್ಷಗಟ್ಟಲೆ ಗುಟ್ಟಾಗಿ ಕಂತು ಕಟ್ಟಿದವಳೂ ಅವಳೇ. ‘ಮುಗ್ಧೆ’ ಎಂದು ಬರೆದುಕೊಂಡ ನಟಿಗೆ ಈ ಸಾಲಗಾತಿ ಸಿಗುವುದಿಲ್ಲ. ‘ಗಟ್ಟಿಗಿತ್ತಿ’ ಎಂದು ಬರೆದುಕೊಂಡವಳಿಗೆ ಮಕರೂನಿನ ಸುಳ್ಳು ಬರೀ ಚೇಷ್ಟೆಯಾಗುತ್ತದೆ. ಮುಚ್ಚಿಟ್ಟು ಬದುಕಿ ಪಳಗಿದವಳು ಆ ಸಣ್ಣ ಸುಳ್ಳಿನಲ್ಲೇ ಕಾಣಬೇಕು.

ಮುಂದಿನದು, ಪಾತ್ರಕ್ಕೆ ಏನು ಬೇಕು ಎಂಬ ಪ್ರಶ್ನೆ. ರಷ್ಯಾದ ರಂಗನಿರ್ದೇಶಕ ಸ್ಟಾನಿಸ್ಲಾವ್‌ಸ್ಕಿ (1863–1938) ನಟರಿಗೆ ಕಲಿಸಿದ್ದು ‘ಈ ಸನ್ನಿವೇಶದಲ್ಲಿ ನಾನಿದ್ದಿದ್ದರೆ ಏನು ಮಾಡುತ್ತಿದ್ದೆ?’ ಎಂದು ಕೇಳಿಕೊಳ್ಳುವುದನ್ನು. ಮಾಡುವುದರ ಮೇಲೆ ಒತ್ತು ಇರುವುದನ್ನು ಗಮನಿಸಿ. ದೃಶ್ಯದಲ್ಲಿ ಬಯಕೆಯೋ ಅದನ್ನು ಈಡೇರಿಸಿಕೊಳ್ಳುವ ದಾರಿಯೋ ಬದಲಾದಲ್ಲೆಲ್ಲ ಅಡ್ಡಗೆರೆ ಎಳೆಯಿರಿ. ಒಂದೊಂದು ತುಂಡಿಗೂ ಒಂದೇ ಕ್ರಿಯಾಪದ, ಅದೂ ಎದುರಿನವರ ಮೇಲೆ ಪ್ರಯೋಗವಾಗುವಂಥದ್ದು: ಪುಸಲಾಯಿಸು, ಹೆದರಿಸು, ಕೆಣಕು, ಸಂತೈಸು. ‘ದುಃಖಪಡು’, ‘ಸಿಟ್ಟಾಗು’ ಬೇಡ. ಅವನ್ನು ಹಿಡಿದ ನಟ ತನ್ನೊಳಗನ್ನೇ ನೋಡುತ್ತಾ ನಿಲ್ಲುತ್ತಾನೆ, ದನಿ ಒಂದೇ ಮಟ್ಟಕ್ಕೆ ಅಂಟಿಕೊಳ್ಳುತ್ತದೆ, ಎದುರು ನಟನಿಗೆ ಪ್ರತಿಕ್ರಿಯಿಸಲು ಏನೂ ದೊರೆಯುವುದಿಲ್ಲ. ಸಾಲಿಗೊಂದು ಕ್ರಿಯಾಪದ ಹಾಕಿದರೂ ಕೆಡುತ್ತದೆ. ಪುಟಕ್ಕೆ ಎರಡು ಮೂರು ಸಾಕು.

ಪಾತ್ರದ ಬಾಲ್ಯದ ಕಥೆಯನ್ನು ಪುಟಗಟ್ಟಲೆ ಕಲ್ಪಿಸಿ ಬರೆಯುವುದರಿಂದ ಹೆಚ್ಚಿನ ಲಾಭವಿಲ್ಲ. ಪ್ರತಿ ಪ್ರವೇಶಕ್ಕೆ ಮುಂಚಿನ ಐದು ನಿಮಿಷ ಖಚಿತವಾಗಿದ್ದರೆ ಆಯಿತು: ಎಲ್ಲಿಂದ ಬಂದೆ, ಯಾಕೆ ಬಂದೆ, ಯಾರು ಸಿಗುತ್ತಾರೆಂದುಕೊಂಡಿದ್ದೆ.

ನಾಟ್ಯಶಾಸ್ತ್ರ ಅಭಿನಯವನ್ನು ಆಂಗಿಕ, ವಾಚಿಕ, ಆಹಾರ್ಯ, ಸಾತ್ವಿಕ ಎಂದು ನಾಲ್ಕು ಬಗೆಯಾಗಿ ವಿಂಗಡಿಸುತ್ತದೆ. ಇವುಗಳಲ್ಲಿ ಆಹಾರ್ಯವನ್ನು, ಅಂದರೆ ವೇಷಭೂಷಣವನ್ನು, ಕೊನೆಯ ದಿನಗಳಿಗೆ ತಳ್ಳುವವರೇ ಹೆಚ್ಚು. ಚಪ್ಪಲಿ ಅಥವಾ ಬೂಟು, ಕನ್ನಡಕ, ಊರುಗೋಲು, ನೆಲ ಮುಟ್ಟುವ ಉಡುಪು ಇವಿಷ್ಟು ಮೊದಲ ವಾರವೇ ತಾಲೀಮಿಗೆ ಬರಲಿ. ಕಾಲಲ್ಲಿರುವುದು ಬದಲಾದರೆ ಹೆಜ್ಜೆಯ ಅಳತೆ, ಬೆನ್ನಿನ ನಿಲುವು, ಮಾತಿನ ನಡುವಿನ ಉಸಿರು ಎಲ್ಲವೂ ಬದಲಾಗುತ್ತವೆ. ಪ್ರದರ್ಶನದ ಹಿಂದಿನ ದಿನ ಅದನ್ನು ಕಂಡುಕೊಂಡರೆ ಕೂಡಿಸಿಟ್ಟ ಲಯವೆಲ್ಲ ಒಡೆಯುತ್ತದೆ.

ಮುದುಕರ ಪಾತ್ರಗಳು ಸಾಮಾನ್ಯವಾಗಿ ಕೆಡುವುದು ಬೆನ್ನು ಬಾಗಿಸಿ ದನಿ ನಡುಗಿಸುವುದರಿಂದ. ವಯಸ್ಸಾದವರು ನಡುಕವನ್ನು ತಡೆಯಲು ನೋಡುತ್ತಾರೆ, ತೋರಿಸಲು ಅಲ್ಲ. ಒಂದು ಮಂಡಿ ನೋಯುತ್ತಿದೆ ಎಂದಿಟ್ಟುಕೊಂಡು, ಅದು ಯಾರಿಗೂ ತಿಳಿಯದಂತೆ ಕುರ್ಚಿಯಿಂದ ಏಳುವುದನ್ನು ಹತ್ತು ಸಲ ಮಾಡಿ. ಕುಡುಕನ ಪಾತ್ರಕ್ಕೂ ಇದೇ ಉಪಾಯ: ನೆಟ್ಟಗೆ ನಡೆಯಲು ಹೆಣಗಿ.

ನಾಟಕ ಬರೆಯುವವರು ಇದೇ ದಾರಿಯನ್ನು ಹಿಮ್ಮುಖವಾಗಿ ಹಿಡಿಯಬಹುದು: ಮೊದಲು ಬಯಕೆ, ಆಮೇಲೆ ಅದಕ್ಕೆ ಅಡ್ಡ ನಿಲ್ಲುವವರು, ಕೊನೆಗೆ ಮಾತು. ಪಾತ್ರಗಳ ಹೆಸರು ಮುಚ್ಚಿ ಸಂಭಾಷಣೆಯನ್ನು ಗಟ್ಟಿಯಾಗಿ ಓದಿಸಿ. ಯಾರ ಮಾತು ಯಾವುದೆಂದು ಕೇಳುವವರಿಗೆ ತಿಳಿಯದಿದ್ದರೆ, ಒಬ್ಬರಿಗೆ ತೊದಲು, ಇನ್ನೊಬ್ಬರಿಗೆ ಗಾದೆ ಅಂಟಿಸಿ ಸರಿಪಡಿಸಲು ಹೋಗಬೇಡಿ. ಆ ದೃಶ್ಯದಲ್ಲಿ ಇಬ್ಬರಿಗೂ ಒಂದೇ ಬೇಕಾಗಿದೆಯೇ ಎಂದು ನೋಡಿ, ಒಬ್ಬರ ಬಯಕೆಯನ್ನು ಬದಲಿಸಿ ಮತ್ತೆ ಬರೆಯಿರಿ.